ನಾಲಿಗೆಯ ಮೇಲಿನ ಹೆಸರು

2010ರ ಏಪ್ರಿಲ್‌ನಲ್ಲಿ ಅಮೆರಿಕದ ಆಗಸ್ಟಾದಲ್ಲಿ ಮಾಸ್ಟರ್ಸ್ ಗಾಲ್ಫ್ ಪಂದ್ಯಾವಳಿ ನಡೆಯಿತು. ಮೊದಲ ದಿನ ಐವತ್ತು ವರ್ಷದ ಫ್ರೆಡ್ ಕಪಲ್ಸ್ 66 ಹೊಡೆತಗಳಲ್ಲಿ ಸುತ್ತು ಮುಗಿಸಿ ಎಲ್ಲರಿಗಿಂತ ಮುಂದೆ ನಿಂತ. ಅವತ್ತು ಜನ ಅವನ ಆಟವನ್ನು ನೋಡಿದಷ್ಟೇ ಅವನ ಕಾಲನ್ನೂ ನೋಡಿದರು. ಕಾಲುಚೀಲ ಇರಲಿಲ್ಲ. ಹಾಕಿದ್ದ ಶೂ ಡೆನ್ಮಾರ್ಕಿನ ಎಕ್ಕೊ ಕಂಪನಿಯದು. ನೋಡಲು ಪೇಟೆಗೆ ಹಾಕಿಕೊಂಡು ಹೋಗುವ ಶೂ ಥರವೇ ಇತ್ತು. ಅದರ ಅಡಿಯಲ್ಲಿ ಮುಳ್ಳುಗಳಿರಲಿಲ್ಲ, ಅಟ್ಟೆಯಿಂದಲೇ ಎದ್ದ ಸಣ್ಣ ಸಣ್ಣ ಗುಬುಟುಗಳಿದ್ದವು. ಆಮೇಲಿನ ವರ್ಷಗಳಲ್ಲಿ ಇಂಥ ಶೂ ಎಲ್ಲ ಕಂಪನಿಗಳ ಪಟ್ಟಿಯಲ್ಲೂ ಬಂತು.

ಗಾಲ್ಫ್ ಶೂವಿನ ಚರಿತ್ರೆ ಅಂದರೆ ಬಹುಮಟ್ಟಿಗೆ ಅದರ ಅಡಿಯ ಚರಿತ್ರೆಯೇ. ಒದ್ದೆ ಹುಲ್ಲಿನ ಮೇಲೆ ನಿಂತು ಸೊಂಟ ತಿರುಗಿಸಿ ಹೊಡೆಯುವಾಗ ಕಾಲು ಜಾರಬಾರದು. ಹತ್ತೊಂಬತ್ತನೇ ಶತಮಾನದ ಸ್ಕಾಟ್ಲೆಂಡಿನಲ್ಲಿ ಅದಕ್ಕಾಗಿ ಬೂಟಿನ ಅಡಿಗೆ ಸಣ್ಣ ಮೊಳೆ ಹೊಡೆಸಿಕೊಳ್ಳುತ್ತಿದ್ದರು. ಆಮೇಲೆ ತಿರುಪಿ ಕೂರಿಸುವ ಲೋಹದ ಮುಳ್ಳು ಬಂತು. ಅದು ಹುಲ್ಲುಹಾಸನ್ನು ಕಿತ್ತುಹಾಕುತ್ತದೆ ಎಂಬ ದೂರು ಬೆಳೆದು, 1990ರ ದಶಕದ ಆರಂಭದಲ್ಲಿ ಐಡಾಹೊ ರಾಜ್ಯದಲ್ಲಿ ಪ್ಲಾಸ್ಟಿಕ್ ಮುಳ್ಳು ಹುಟ್ಟಿತು. ಹೈಬ್ರಿಡ್ ಎನ್ನುವುದು ಅದರ ಮುಂದಿನ ಹೆಜ್ಜೆ. ಮನೆಯಲ್ಲಿ ಹಾಕಿಕೊಂಡು, ಕಾರು ಓಡಿಸಿ, ಹದಿನೆಂಟು ಕುಳಿ ಆಡಿ, ಅದೇ ಕಾಲಲ್ಲಿ ಆಫೀಸಿಗೂ ಹೋಗಬಹುದು. ಬಿಚ್ಚುವ ಮುಳ್ಳು ಮತ್ತು ಗುಬುಟು ಎರಡೂ ಇರುವ ಶೂವನ್ನೂ ಕೆಲವರು ಇದೇ ಹೆಸರಿನಿಂದ ಕರೆಯುತ್ತಾರೆ.

ನಾನು ಗಾಲ್ಫ್ ಆಡಿದವಳಲ್ಲ. ನನ್ನ ಪಿಎಚ್‌ಡಿ ‘ಪ್ರೈವೇಟ್ ಲೇಬಲ್’ ಪಾದರಕ್ಷೆಗಳ ಬಗ್ಗೆ. ಒಂದು ಕಾರ್ಖಾನೆ ಮಾಡುವ, ಇನ್ನೊಬ್ಬರ ಹೆಸರು ಹೊತ್ತು ಮಾರಾಟವಾಗುವ ಶೂಗಳ ಬಗ್ಗೆ. ಅದರಲ್ಲಿ ಒಂದು ಅಧ್ಯಾಯ ಈ ಹೈಬ್ರಿಡ್ ಶೂ. ಪ್ರಸ್ತಾವ ಮಂಡಿಸಿದ ದಿನ ಸಮಿತಿಯ ಹಿರಿಯರೊಬ್ಬರು ಮೃದುವಾಗಿಯೇ ಕೇಳಿದರು: “ನಿಮ್ಮ ಮನೆಯಲ್ಲೇ ಅಷ್ಟು ದೊಡ್ಡ ವಿಷಯ ಇಟ್ಟುಕೊಂಡು ಗಾಲ್ಫ್ ಶೂ ಯಾಕಮ್ಮಾ?”

ಮನೆಯ ವಿಷಯ ಎಂದರೆ ಅಥಣಿ. ನಮ್ಮಜ್ಜ ಚಪ್ಪಲಿ ಹೊಲಿಯುತ್ತಿದ್ದ. ಜಾಲಿ ತೊಗಟೆ, ಅಳಲೆಕಾಯಿಯಲ್ಲಿ ಹದ ಮಾಡಿದ ಚರ್ಮ, ಅದೇ ಚರ್ಮದ ದಾರ, ಒಂದೂ ಮೊಳೆ ಇಲ್ಲ. ಗಿರಾಕಿಯನ್ನು ಚರ್ಮದ ಮೇಲೆ ನಿಲ್ಲಿಸಿ ಪಾದದ ಸುತ್ತ ಗೆರೆ ಎಳೆದುಕೊಂಡರೆ ಅಳತೆ ಮುಗಿಯಿತು. ಪಟ್ಟಿಯ ಮೇಲಿನ ಹೆಣಿಗೆ ಅಜ್ಜಿಯದು. ಅಂಥ ಅಜ್ಜ ತನ್ನ ಚಿಕ್ಕಂದಿನಲ್ಲಿ ಊರ ದೊಡ್ಡ ಓಣಿ ಬಂದಾಗ ಚಪ್ಪಲಿ ಕಳಚಿ ಕೈಯಲ್ಲಿ ಹಿಡಿದು ನಡೆದವನು. ಸಮಿತಿಯವರ ಪ್ರಶ್ನೆಯಲ್ಲಿ ಕೆಟ್ಟತನವಿರಲಿಲ್ಲ. ಆದರೆ ಕಬ್ಬಿನ ಊರಿನಿಂದ ಬಂದ ನನ್ನ ಸಹಪಾಠಿ ಜಪಾನಿನ ಸಿನಿಮಾ ಮೇಲೆ ಕೆಲಸ ಮಾಡುತ್ತಿದ್ದಾನೆ. ಅವನನ್ನು ಯಾರೂ ಕಬ್ಬಿನ ಬಗ್ಗೆ ಕೇಳಿರಲಿಲ್ಲ. “ಗೊತ್ತಿರೋದನ್ನ ಬರೆಯೋಕೆ ಸಂಶೋಧನೆ ಯಾಕೆ ಸರ್?” ಅಂದೆ. ಎಲ್ಲರೂ ನಕ್ಕರು. ವಿಷಯ ಒಪ್ಪಿಗೆಯಾಯಿತು.

ಬೆಂಗಳೂರಿನ ಒಂದು ಬೈಯಿಂಗ್ ಹೌಸಿನಲ್ಲಿ ಮೂರು ತಿಂಗಳು ಕೂರಲು ಅನುಮತಿ ಸಿಕ್ಕಿತು. ಯುರೋಪಿನ ಸಣ್ಣ ಬ್ರಾಂಡುಗಳಿಗೆ, ಅಂಗಡಿ ಸರಣಿಗಳಿಗೆ ಸಗಟಾಗಿ ಶೂ ಮಾಡಿಸಿಕೊಡುವುದು ಅವರ ಕೆಲಸ. ಹೈಬ್ರಿಡ್ ಗಾಲ್ಫ್ ಶೂಗಳ ಆರ್ಡರು ಹೆಚ್ಚಾಗಿ ಹೋಗುತ್ತಿದ್ದುದು ಚೀನಾದ ಫುಜಿಯಾನ್ ಪ್ರಾಂತ್ಯದ ಪುಟಿಯಾನ್, ಜಿನ್‌ಜಿಯಾಂಗ್ ಊರುಗಳಿಗೆ. ಮೊದಲು ಅಮೆರಿಕದ ಮ್ಯಾಸಚೂಸೆಟ್ಸ್‌ನ ಬ್ರಾಕ್ಟನ್, ಲಿನ್‌ಗಳಂಥ ಊರುಗಳಲ್ಲಿದ್ದ ಈ ಕಸುಬು ಕೂಲಿ ಅಗ್ಗವಿದ್ದಲ್ಲಿಗೆ ವಲಸೆ ಹೋಗುತ್ತಲೇ ಬಂದಿದೆ. ತೈವಾನಿಗೆ ಬಂತು, 1980ರ ದಶಕದ ಕೊನೆಯಲ್ಲಿ ಅಲ್ಲಿನ ಕೂಲಿ ಏರಿದಾಗ ತೈವಾನಿನ ಮಾಲೀಕರೇ ಫುಜಿಯಾನ್‌ಗೆ, ಗುವಾಂಗ್‌ಡಾಂಗ್‌ಗೆ ದಾಟಿದರು. ಈಗ ವಿಯೆಟ್ನಾಂ, ಇಂಡೋನೇಷ್ಯಾ, ನಮ್ಮ ಪಕ್ಕದ ತಮಿಳುನಾಡು.

ಕಚೇರಿಯಲ್ಲಿ ನನಗೆ ಪಾಠ ಹೇಳಿದವರು ಮೈಸೂರಿನ ಕಡೆಯ ಒಬ್ಬ ಹಿರಿಯ ಮರ್ಚಂಡೈಸರ್. ಎಲ್ಲರೂ ಅವರನ್ನು ಅಕ್ಕ ಅನ್ನುತ್ತಿದ್ದರು, ನಾನೂ ಅಂದೆ. ಮೊದಲ ದಿನವೇ ಹೇಳಿದರು: “ನೋಡಮ್ಮ, ಒಂದು ಜೊತೆ ಶೂ ಮಾಡೋದು ಕಷ್ಟ ಅಲ್ಲ. ಒಂದೇ ಥರ ಎರಡು ಸಾವಿರ ಜೊತೆ ಮಾಡಿಸೋದು ಕಷ್ಟ.”

ಎಲ್ಲಕ್ಕೂ ಮೊದಲು ಲಾಸ್ಟ್, ಅಂದರೆ ಪ್ಲಾಸ್ಟಿಕ್ಕಿನಲ್ಲಿ ಮಾಡಿದ ಕಾಲಿನ ಅಚ್ಚು. ಅದು ಯಾರ ಕಾಲೂ ಅಲ್ಲ, ಎಲ್ಲರ ಕಾಲಿನ ಅಂದಾಜು. ಒಂದು ನಡುವಿನ ಅಳತೆಯ ಅಚ್ಚು ಒಪ್ಪಿಗೆಯಾದರೆ ಉಳಿದವನ್ನು ಲೆಕ್ಕದಿಂದ ಹಿಗ್ಗಿಸಿ ಕುಗ್ಗಿಸುತ್ತಾರೆ. ಇಂಗ್ಲಿಷ್ ಅಳತೆಯಲ್ಲಿ ಒಂದು ಸೈಜಿಗೂ ಮುಂದಿನದಕ್ಕೂ ಇರುವ ವ್ಯತ್ಯಾಸ ಇಂಚಿನ ಮೂರನೇ ಒಂದು ಭಾಗ. ಅದು ಹಳೆಯ ಕಾಲದ ಒಂದು ಜವೆಗೋಧಿ ಕಾಳಿನ ಉದ್ದ ಎಂದು ತಿಳಿದಾಗ ನನಗೆ ಖುಷಿಯಾಯಿತು. ಯುರೋಪಿನ ಅಳತೆಯಲ್ಲಿ ಅದು ಸೆಂಟಿಮೀಟರಿನ ಮೂರನೇ ಎರಡು ಭಾಗ.

ಆಮೇಲಿನ ಪ್ರಶ್ನೆ ಅಟ್ಟೆಯದು. ರಬ್ಬರ್ ಅಥವಾ ಟಿಪಿಯು ಎಂಬ ಪ್ಲಾಸ್ಟಿಕ್ಕಿನ ಅಡಿ, ಅದರ ಮೇಲೆ ಹಗುರವಾದ ಇವಿಎ ನೊರೆಯ ಪದರ. ಪ್ರತಿ ಸೈಜಿಗೂ ಬೇರೆ ಲೋಹದ ಅಚ್ಚು ಬೇಕು. ಗುಬುಟುಗಳ ವಿನ್ಯಾಸ ತನ್ನದೇ ಇರಲಿ ಎನ್ನುವ ಗಿರಾಕಿ ಆ ಅಚ್ಚುಗಳ ಪೂರ್ತಿ ಖರ್ಚು ಹೊರಬೇಕು. ಸಣ್ಣ ಬ್ರಾಂಡಿಗೆ ಅದು ಆಗದ ಮಾತು. ಹಾಗಾಗಿ ಅವರು ‘ಓಪನ್ ಮೋಲ್ಡ್’ ಆರಿಸಿಕೊಳ್ಳುತ್ತಾರೆ. ಅಂದರೆ ಕಾರ್ಖಾನೆಯ ಬಳಿ ಆಗಲೇ ಇರುವ, ಯಾರು ಬೇಕಾದರೂ ಬಳಸಬಹುದಾದ ಅಚ್ಚು. ಒಬ್ಬರಿಗೊಬ್ಬರು ಪೈಪೋಟಿಗೆ ಬಿದ್ದ ಎರಡು ಬ್ರಾಂಡುಗಳ ಶೂ ಮಗುಚಿ ಹಾಕಿ ಅಕ್ಕ ತೋರಿಸಿದರು. ಅಡಿ ಒಂದೇ.

ಮೇಲ್ಭಾಗಕ್ಕೆ ನಿಜವಾದ ಚರ್ಮ ಅಥವಾ ಮೈಕ್ರೋಫೈಬರ್ ಎಂಬ ಕೃತಕ ಚರ್ಮ. ಕತ್ತರಿಸಿ, ಮಡಿಸುವ ಅಂಚನ್ನು ತೆಳುಮಾಡಿ ಹೊಲಿಯುತ್ತಾರೆ. ಇಬ್ಬನಿಯಲ್ಲಿ ನಡೆಯುವ ಆಟವಾದ್ದರಿಂದ ಒಳಗೆ ನೀರು ತಡೆಯುವ ಪೊರೆ, ಅದರ ಹೊಲಿಗೆಗಳ ಮೇಲೆ ಬಿಸಿ ಟೇಪು. ತಳಕ್ಕೆ ಬಟ್ಟೆಯ ಒಳಅಟ್ಟೆ ಹೊಲಿದು, ಲಾಸ್ಟಿಗೆ ಹಾಕಿ, ಬಿಸಿಯಲ್ಲಿ ಎಳೆದು ಕೂರಿಸುತ್ತಾರೆ. ತಳವನ್ನು ಉಜ್ಜಿ ಒರಟು ಮಾಡಿ, ಪ್ರೈಮರ್ ಬಳಿದು, ಅಂಟು ಹಚ್ಚಿ, ಬಿಸಿಗೂಡಿನಲ್ಲಿ ಹಾಯಿಸಿ, ಅಟ್ಟೆ ಕೂರಿಸಿ ಒತ್ತುತ್ತಾರೆ. ತಣ್ಣಗಾದ ಮೇಲೆ ಅಚ್ಚು ಹೊರಗೆ. ಅಡಿ ನಿಲ್ಲುವುದೆಲ್ಲ ಅಂಟಿನ ಮೇಲೆ.

ಇದರಲ್ಲಿ ಎಳೆದು ಕೂರಿಸುವ ಕೆಲಸಕ್ಕೆ ‘ಲಾಸ್ಟಿಂಗ್’ ಅನ್ನುತ್ತಾರೆ. ಅದನ್ನು ಓದುತ್ತಾ ಓದುತ್ತಾ ನನಗೆ ಯಾನ್ ಮ್ಯಾಟ್ಸೆಲಿಗರ್ ಸಿಕ್ಕಿದ. ದಕ್ಷಿಣ ಅಮೆರಿಕದ ಸುರಿನಾಮಿನಲ್ಲಿ ಡಚ್ ಅಪ್ಪ, ಕಪ್ಪು ಅಮ್ಮನಿಗೆ ಹುಟ್ಟಿ, ಲಿನ್ ಊರಿನ ಶೂ ಕಾರ್ಖಾನೆಗೆ ಬಂದವನು. ಆ ಕಾಲಕ್ಕೆ ಶೂ ಮಾಡುವುದರಲ್ಲಿ ಯಂತ್ರಕ್ಕೆ ಬಗ್ಗದೆ ಉಳಿದಿದ್ದ ಕೆಲಸ ಲಾಸ್ಟಿಂಗ್ ಒಂದೇ. ನುರಿತ ಕೈ ದಿನಕ್ಕೆ ಐವತ್ತು ಜೊತೆ ಮಾಡಿದರೆ ಹೆಚ್ಚು. ಇವನು ರಾತ್ರಿ ಕೂತು ಇಂಗ್ಲಿಷ್ ಕಲಿತು, ಯಂತ್ರ ಕಟ್ಟಿ, 1883ರಲ್ಲಿ ಪೇಟೆಂಟ್ ಪಡೆದ. ಆ ಯಂತ್ರ ದಿನಕ್ಕೆ ನೂರಾರು ಜೊತೆ ಎಳೆದು ಕೂರಿಸಿತು. ಊರಿನ ಕೆಲವು ಚರ್ಚುಗಳು ಅವನನ್ನು ಬಣ್ಣದ ಕಾರಣಕ್ಕೆ ಸೇರಿಸಿಕೊಂಡಿರಲಿಲ್ಲ. 1889ರಲ್ಲಿ ಕ್ಷಯದಿಂದ ಸತ್ತಾಗ ಅವನಿಗೆ ಮೂವತ್ತಾರು ವರ್ಷ. ಇವತ್ತು ಪುಟಿಯಾನಿನಲ್ಲಿ ಚರ್ಮ ಎಳೆಯುವ ಯಂತ್ರ ಅವನ ಯಂತ್ರದ ಮೊಮ್ಮಗನೇ. ಆದರೆ ಅವನ ಹೆಸರಿನ ಶೂ ಇಲ್ಲ.

ಸಗಟಿನ ವ್ಯವಹಾರ ಇದೆಲ್ಲದರ ಜೊತೆಜೊತೆಗೇ ನಡೆಯುತ್ತದೆ. ಗಿರಾಕಿ ಚಿತ್ರ, ಅಳತೆ, ಬಣ್ಣದ ನಂಬರು ಇರುವ ಕಡತ ಕಳಿಸುತ್ತಾನೆ. ಕಾರ್ಖಾನೆ ಒಂಟಿ ಕಾಲಿನ ಮಾದರಿ ಮಾಡಿ ಕಳಿಸುತ್ತದೆ. ತಿದ್ದಿ, ತಿದ್ದಿ, ಕೊನೆಗೆ ಒಪ್ಪಿದ ಮಾದರಿಗೆ ಸೀಲು, ಸಹಿ. ಮುಂದೆ ಜಗಳ ಬಂದರೆ ಅದೇ ಸಾಕ್ಷಿ. ಒಂದೊಂದು ಬಣ್ಣಕ್ಕೆ ಕನಿಷ್ಠ ಇಷ್ಟು ಜೊತೆ ಎಂಬ ಮಿತಿ ಇರುತ್ತದೆ. ಬಣ್ಣ ಬದಲಾದರೆ ಚರ್ಮ, ದಾರ, ಅಟ್ಟೆ ಎಲ್ಲವನ್ನೂ ಹೊಸದಾಗಿ ತರಿಸಬೇಕಲ್ಲ. ಸಾಮಾನ್ಯವಾಗಿ 30 ಶೇಕಡಾ ಮುಂಗಡ, ಉಳಿದದ್ದು ಹಡಗಿನ ಕಾಗದ ಬಂದ ಮೇಲೆ. ಪೆಟ್ಟಿಗೆಗೆ 12 ಜೊತೆ. ಸೈಜುಗಳು 1-2-3-3-2-1 ಎಂದು, ನಡುವಿನ ಕಾಲುಗಳಿಗೆ ಹೆಚ್ಚು ಪಾಲು. ಸರಕು ಷಿಯಾಮೆನ್ ಬಂದರಿನಲ್ಲಿ ಹಡಗು ಹತ್ತುವವರೆಗೆ ಕಾರ್ಖಾನೆಯ ಹೊಣೆ, ಅಲ್ಲಿಂದ ಕೊಳ್ಳುವವನದು.

ಅದಕ್ಕೂ ಮೊದಲು ಪರೀಕ್ಷೆಗಳು. ಯುರೋಪಿನಲ್ಲಿ 2015ರ ಮೇ 1ರಿಂದ, ಮೈಗೆ ತಾಗುವ ಚರ್ಮದ ಒಂದು ಕಿಲೋದಲ್ಲಿ 3 ಮಿಲಿಗ್ರಾಂ ಅಥವಾ ಅದಕ್ಕಿಂತ ಹೆಚ್ಚು ಕ್ರೋಮಿಯಂ-6 ಇರುವಂತಿಲ್ಲ. ಬೂಷ್ಟು ಹಿಡಿಯದಿರಲೆಂದು ಪೊಟ್ಟಣದಲ್ಲಿ ಹಾಕುತ್ತಿದ್ದ ಡೈಮಿಥೈಲ್ ಫ್ಯೂಮರೇಟ್ ಜನರ ಚರ್ಮ ಸುಟ್ಟಿದ್ದರಿಂದ 2009ರಲ್ಲಿ ಅದನ್ನು ನಿಷೇಧಿಸಿದರು. ಒಳ್ಳೆಯ ನಿಯಮಗಳೇ. ಅವು ಕಾಯುವುದು ಹಾಕಿಕೊಳ್ಳುವವರ ಕಾಲನ್ನು. ಅಂಟು ಬಳಿಯುವವರ ಕೈಗೆ, ಉಸಿರಿಗೆ ಬೇರೆ ತಪಾಸಣೆ ಇದೆ. ಅದರ ಕಡತ ಬೇರೆ ಕಪಾಟಿನಲ್ಲಿರುತ್ತಿತ್ತು.

ಇಷ್ಟೆಲ್ಲ ಆದಮೇಲೆ ಹೆಸರಿನ ಮಾತು. ಶೂವಿನ ನಾಲಿಗೆಯ ಮೇಲೆ ಒಂದು ಸಣ್ಣ ಲೇಬಲ್ ಹೊಲಿಯಲು ಜಾಗ ಬಿಟ್ಟಿರುತ್ತಾರೆ. ಕಾರ್ಖಾನೆಯ ಮಾದರಿ ಶೂಗಳಲ್ಲಿ ಅದು ಖಾಲಿ. ಯಾರು ಆರ್ಡರು ಕೊಡುತ್ತಾರೋ ಅವರ ಹೆಸರು ಅಲ್ಲಿಗೆ. ಕಚೇರಿಯಲ್ಲಿ ಗಿರಾಕಿಗೆ ಕಾರ್ಖಾನೆಯ ಹೆಸರು ಹೇಳುವಂತಿರಲಿಲ್ಲ, ಕಾರ್ಖಾನೆಗೆ ಗಿರಾಕಿಯ ವಿಳಾಸ ಕೊಡುವಂತಿರಲಿಲ್ಲ. ಇಬ್ಬರೂ ನೇರ ಮಾತಾಡಿಕೊಂಡರೆ ನಡುವಿನವರಿಗೆ ಕೆಲಸವಿಲ್ಲ. ಅಮೆರಿಕಕ್ಕೆ ಹೋಗುವ ಶೂ ಮೇಲೆ ತಯಾರಾದ ದೇಶದ ಹೆಸರು ಇರಲೇಬೇಕು. ಊರಿನದು, ಕೈಯದು ಬೇಕಿಲ್ಲ.

ನಮ್ಮಜ್ಜನಿಗೆ ಇದು ಹೊಸದಾಗಿ ಕಾಣುತ್ತಿರಲಿಲ್ಲ. ಅವನು ಅಥಣಿಯಲ್ಲಿ ಹೊಲಿದದ್ದೆಲ್ಲ ಕೊಲ್ಹಾಪುರಿ ಎಂದೇ ಮಾರಾಟವಾಯಿತು. 2019ರಲ್ಲಿ ಭೌಗೋಳಿಕ ಗುರುತು ಸಿಕ್ಕಾಗ ಮಹಾರಾಷ್ಟ್ರದ ನಾಲ್ಕು ಜಿಲ್ಲೆಗಳ ಜೊತೆ ಬೆಳಗಾವಿ, ಧಾರವಾಡ, ಬಾಗಲಕೋಟೆ, ವಿಜಯಪುರಗಳೂ ಸೇರಿದವು. ಹೆಸರು ಮಾತ್ರ ಕೊಲ್ಹಾಪುರಿಯೇ. ಚಪ್ಪಲಿಗೆ ಅಜ್ಜನ ಹೆಸರು ಅಂಟಲಿಲ್ಲ. ಚಪ್ಪಲಿಯ ಹೆಸರು ಅಜ್ಜನಿಗೆ ಅಂಟಿತು. ಅಪ್ಪನ ಶಾಲೆಯ ಹಾಜರಿ ಪುಸ್ತಕದವರೆಗೂ ಬಂತು.

ಈ ಲೆಕ್ಕವನ್ನು ತಲೆಯಲ್ಲಿಟ್ಟುಕೊಂಡೇ ನಾನು ಜೋಲಾರಪೇಟೆ ದಾಟಿ ಆಂಬೂರಿಗೆ ಹೋದೆ. ನಮ್ಮ ನಂದಿಬೆಟ್ಟದ ಕಡೆ ಹುಟ್ಟುವ ಪಾಲಾರ್ ನದಿಯ ದಂಡೆಯ ಊರು. ಚರ್ಮ ಹದ ಮಾಡುವ ಕಾರ್ಖಾನೆಗಳ ನೀರು ಆ ನದಿಯನ್ನು ಕೆಡಿಸಿದ್ದರ ಬಗ್ಗೆ 1996ರಲ್ಲಿ ಸುಪ್ರೀಂ ಕೋರ್ಟ್ ತೀರ್ಪು ಕೊಟ್ಟಿದೆ. ಒಂದು ಕಾರ್ಖಾನೆಯ ಹೊಲಿಗೆ ಸಾಲಿನಲ್ಲಿ ಕೂತವರು ಬಹುಪಾಲು ಹೆಂಗಸರು. ನಾಲಿಗೆಗೆ ಲೇಬಲ್ ಹೊಲಿಯುತ್ತಿದ್ದ ಒಬ್ಬರು ಊಟದ ಬಿಡುವಿನಲ್ಲಿ ಮಾತಿಗೆ ಸಿಕ್ಕರು. ನನ್ನ ಹರಕು ತಮಿಳಿಗೆ ಅವರು ನಿಧಾನವಾಗಿ ಉತ್ತರ ಕೊಟ್ಟರು. ಯಾವ ಬ್ರಾಂಡು ಎಂದು ಕೇಳಿದರೆ, “ಈ ವಾರ ಹಕ್ಕಿ, ಹೋದ ವಾರ ಎರಡು ಅಕ್ಷರ” ಅಂದರು.

“ಮನೆ ಹತ್ತಿರ ಏನು ಕೆಲಸ ಅಂತ ಹೇಳ್ತೀರಿ ಅಕ್ಕಾ?”

“ಕಂಪನಿ ಕೆಲಸ.”

“ಶೂ ಕೆಲಸ, ಚರ್ಮದ ಕೆಲಸ ಅನ್ನಲ್ವಾ?”

ಅವರು ಡಬ್ಬಿ ಮುಚ್ಚುತ್ತಾ ನಕ್ಕರು. “ಯಾಕೆ ಅನ್ನಬೇಕು?”

ಮಾಡಿದವರ ಹೆಸರು ಅಳಿಸಿಹೋಗುವುದನ್ನು ಅನ್ಯಾಯ ಎಂದು ಬರೆಯಲು ನಾನು ಹೋಗಿದ್ದೆ. ಅದು ಅನ್ಯಾಯವೇ, ಕೂಲಿಯ ಲೆಕ್ಕದಲ್ಲಿ ಈಗಲೂ ಹಾಗೇ ಬರೆಯುತ್ತೇನೆ. ಆದರೆ ಆ ಹೆಂಗಸಿಗೆ ‘ಕಂಪನಿ’ ಎಂಬ ಮಾತು ಕೊಟ್ಟದ್ದು ನಮ್ಮಜ್ಜನಿಗೆ ಯಾವತ್ತೂ ಸಿಕ್ಕಿರಲಿಲ್ಲ. ಕೆಲಸ ಮುಗಿಸಿ ಗೇಟು ದಾಟಿದ ಮೇಲೆ ಆ ಕೆಲಸ ಅವರ ಹಿಂದೆ ಬರುವುದಿಲ್ಲ. ಕಸುಬಿನ ಗೌರವದ ಬಗ್ಗೆ ಬಹಳ ಮಾತಾಡುವ ನಮ್ಮಂಥವರು ಇದನ್ನೂ ಕೇಳಿಸಿಕೊಳ್ಳಬೇಕು.

ಹೋದ ದೀಪಾವಳಿಗೆ ಊರಿಗೆ ಹೋದಾಗ ಕಚೇರಿಯವರು ಕೊಟ್ಟ ಒಂಟಿ ಮಾದರಿ ಶೂವೊಂದನ್ನು ಕಾಕಾನ ಕೈಗೆ ಕೊಟ್ಟೆ. ಮನೆಯಲ್ಲಿ ಈಗಲೂ ರಂಪಿಗೆ ಹಿಡಿಯುವವನು ಅವನೊಬ್ಬನೇ. ಬಗ್ಗಿಸಿ ನೋಡಿದ, ಮೂಸಿದ, ಗುಬುಟುಗಳ ಮೇಲೆ ಹೆಬ್ಬೆರಳು ಆಡಿಸಿದ.

“ಅಡಿಯಾಗ ಹೊಲಿಗಿ ಎಲ್ಲೈತಿ?”

“ಇಲ್ಲ ಕಾಕಾ, ಅಂಟು.”

“ಯಾರ್ ಮಾಡ್ಯಾರ?”

ಚರ್ಮ ಒಂದು ಕಡೆ, ಅಟ್ಟೆ ಒಂದು ಕಡೆ, ಹೊಲಿಗೆ ಇನ್ನೊಂದು ಸಾಲಿನವರು ಎಂದು ಹೇಳುತ್ತಾ ಹೋದೆ. ಅವನು ಪೂರ್ತಿ ಕೇಳಿಸಿಕೊಂಡು, “ಅಂದ್ರ, ಕಿತ್ತು ಬಂದ್ರ ಯಾರಿಗೆ ಬೈಯೂದು?” ಅಂದ.

ಅದಕ್ಕೆ ಉತ್ತರ ನನ್ನ ಬಳಿ ಇತ್ತು, ಕಚೇರಿಯ ಕಡತಗಳಲ್ಲಿ ನೋಡಿದ್ದೆ. ಅಡಿ ಕಿತ್ತುಬಂದರೆ ಆಡುವವನು ಅಂಗಡಿಗೆ ಬೈಯುತ್ತಾನೆ. ಅಂಗಡಿ ಬ್ರಾಂಡಿಗೆ, ಬ್ರಾಂಡು ಬೈಯಿಂಗ್ ಹೌಸಿಗೆ. ಅಲ್ಲಿಂದ ಒಂದು ‘ಕ್ಲೇಮ್’ ಕಾಗದ ಹೊರಟು ಕಾರ್ಖಾನೆಯ ಬಾಕಿ ಹಣದಲ್ಲಿ ಕಡಿತವಾಗುತ್ತದೆ. ಆ ಕಾಗದದಲ್ಲಿ ತಾರೀಖು, ಸೈಜು, ಪೆಟ್ಟಿಗೆ ನಂಬರು, ಯಾವ ಸಾಲು ಎಂಬುದೂ ಇರುತ್ತದೆ. ಬೈಗುಳ ಮಾಡಿದವರ ತನಕ ಸರಿಯಾಗಿ ದಾರಿ ಹುಡುಕಿಕೊಂಡು ಹೋಗುತ್ತದೆ. ಹೆಸರಿಗೆ ಮಾತ್ರ ಆ ದಾರಿ ಗೊತ್ತಿಲ್ಲ.

ಕಾಕಾ ಶೂ ವಾಪಸ್ ಕೊಟ್ಟ. “ಬೈಗುಳ ಮುಟ್ಟತೈತಿ ಅಂದ್ರ ವಿಳಾಸ ಗೊತ್ತೈತಿ ಅಂತಾತು,” ಅಂದ. ಆ ಮಾತನ್ನು ಹಾಗೇ ಅಧ್ಯಾಯದ ಟಿಪ್ಪಣಿಯಲ್ಲಿ ಬರೆದುಕೊಂಡಿದ್ದೇನೆ, ಅವನ ಹೆಸರಿನ ಸಮೇತ. ಹಾಕಬಹುದಾ ಎಂದು ಕೇಳಿದ್ದೆ, ಹಾಕು ಅಂದಿದ್ದ.