ತೋಟದಲ್ಲಿ ಮಲಗಿದ ಅಜ್ಜ

ದೇಶಾಂತರ ಹೋಗಲು ರಜೆ ಬೇಕು, ರೊಕ್ಕ ಬೇಕು. ಸರಕಾರಿ ಕಚೇರಿಯ ಕಾರಕೂನರಾದ ನಮ್ಮಲ್ಲಿ ಎರಡೂ ಅಷ್ಟಕ್ಕಷ್ಟೆ. ಆದ್ದರಿಂದ ಕಳೆದ ರವಿವಾರ ಊಟ ಮುಗಿಸಿ, ಮನೆಯ ಕಂಪ್ಯೂಟರಿನ ಮುಂದೆ ಚಾಪೆ ಹಾಸಿ, ಹೆಂಡತಿ ಮಕ್ಕಳೊಡನೆ ಉಕ್ರೇನ್ ದೇಶಕ್ಕೆ ಹೋಗಿಬಂದೆವು. ನಮ್ಮನ್ನು ಕರೆದೊಯ್ದದ್ದು ಅಲೆಕ್ಸಾಂಡರ್ ಡೊವ್ಜೆಂಕೊ ಅವರ 1930ರ ಮೂಕಚಿತ್ರ 'ಭೂಮಿ'.

ಇಳಿದದ್ದು ಪೊಲ್ತಾವ ಸೀಮೆಯ ಯಾರೆಸ್ಕಿ ಎಂಬ ಹಳ್ಳಿಯಲ್ಲಿ. ಪ್ಸೆಲ್ ನದಿಯ ದಂಡೆಯ ಊರು. ಕಣ್ಣು ಹಾಯುವಷ್ಟು ದೂರ ಗಾಳಿಗೆ ತೊನೆಯುವ ಪೈರು. ಅರಳಿ ನಿಂತ ಸೂರ್ಯಕಾಂತಿ. ಆಮೇಲೊಂದು ಹಣ್ಣಿನ ತೋಟ. ನೆಲದ ಮೇಲೆ ಸೇಬಿನ ರಾಶಿ. ಅದರ ನಡುವೆ ಬಿಳಿ ಅಂಗಿಯ ಮುದುಕರೊಬ್ಬರು ಮಲಗಿದ್ದಾರೆ. ಹೆಸರು ಸೆಮೆನ್. ಎತ್ತು ಕಟ್ಟಿ ಎಪ್ಪತ್ತೈದು ವರ್ಷ ಉತ್ತವರು. ಸಾವು ಹತ್ತಿರ ಬಂದಿದೆ, ಗಾಬರಿಯಿಲ್ಲ. ಎದ್ದು ಕುಳಿತು ಒಂದು ಹಣ್ಣನ್ನು ಸವಿದು, ನಕ್ಕು, ಮತ್ತೆ ಮಲಗಿ ಕಣ್ಣು ಮುಚ್ಚುತ್ತಾರೆ. ಪಕ್ಕದಲ್ಲಿ ಮಕ್ಕಳು ತಮ್ಮ ಪಾಡಿಗೆ ತಾವು ಇವೆ.

"ಅಪ್ಪಾ, ಅಜ್ಜ ಖರೇನೇ ಸತ್ತುಹೋದರಾ?" ಎಂದಳು ನಮ್ಮ ಕಿರಿಯ ಮಗಳು.

"ಇಲ್ಲವ್ವಾ, ಅದು ಸೋಗು" ಎಂದೆವು.

ಯಾರ ಸೋಗು? ಹುಡುಕಿ ನೋಡಿದೆವು. ಮಿಕೊಲ ನದೆಮ್ಸ್ಕಿ ಎಂಬ ನಟರು, 1892ರಲ್ಲಿ ಹುಟ್ಟಿದವರು. ಆ ಅಜ್ಜನಾದಾಗ ಅವರಿಗೆ ನಲವತ್ತೂ ತುಂಬಿರಲಿಲ್ಲ. ಅದಕ್ಕೆ ಮುಂಚೆ, 1928ರ 'ಜ್ವೆನಿಹೊರ' ಚಿತ್ರದಲ್ಲಿ ಬೆಟ್ಟದ ನಿಧಿಯನ್ನು ಶತಮಾನಗಳ ಕಾಲ ಕಾಯುವ ಅಜ್ಜನೂ ಅವರೇ. ಆಗ ಅವರದು ಹೆಚ್ಚು ಕಡಿಮೆ ನಮ್ಮ ವಯಸ್ಸು! ನಾವಾದರೋ ಒಂದು ಬಿಳಿಗೂದಲು ಕಂಡರೆ ಕತ್ತರಿ ಹುಡುಕುವವರು. ಈ ಮಹಾರಾಯರು ಮಾತಿನ ನೆರವೂ ಇಲ್ಲದೆ ಇಡೀ ಮುಪ್ಪನ್ನೇ ಮೈಮೇಲೆ ಹೊತ್ತುಕೊಂಡರು.

ಮುಂದೆ ಚಿತ್ರದಲ್ಲಿ ಹಳ್ಳಿಗೆ ಟ್ರ್ಯಾಕ್ಟರ್ ಬರುತ್ತದೆ. ಸಾಮೂಹಿಕ ಬೇಸಾಯದ ಪರವಾಗಿ ನಿಂತ ತರುಣ ವಾಸಿಲ್ ಕೊಲೆಯಾಗುತ್ತಾನೆ. ಕೊನೆಗೆ ಸೇಬುಗಳ ಮೇಲೆ ಮಳೆ ಸುರಿಯುತ್ತದೆ. ಚಿತ್ರ ಅಲ್ಲಿಗೆ ಮುಗಿಯಿತು. ಆ ನಾಡಿನ ಕಷ್ಟ ಮುಗಿಯಲಿಲ್ಲ. ರೈತರ ಹೊಲವನ್ನೂ ಕಾಳನ್ನೂ ಸರಕಾರವೇ ಕಸಿದುಕೊಂಡ ಮೇಲೆ, 1932-33ರಲ್ಲಿ ಹಸಿವಿನಿಂದ ದಶಲಕ್ಷಗಟ್ಟಲೆ ಜನ ಸತ್ತರು. 1937ರಲ್ಲಿ ಸ್ಟಾಲಿನ್ ಆಡಳಿತದ ದಮನಕ್ಕೆ ಸಿಕ್ಕಿ ನದೆಮ್ಸ್ಕಿಯವರೂ ಪ್ರಾಣ ಕಳೆದುಕೊಂಡರು. ತೆರೆಯ ಮೇಲೆ ಎರಡು ಸಲ ಮುದುಕರಾದವರು, ಬಾಳಿನಲ್ಲಿ ಮುಪ್ಪು ಕಾಣಲಿಲ್ಲ. ಹಣ್ಣಿನ ರಾಶಿಯ ನಡುವೆ ನಗುನಗುತ್ತ ಕಣ್ಣು ಮುಚ್ಚುವ ಭಾಗ್ಯ ಸೆಮೆನ್ ಅಜ್ಜನಿಗೇ ಮೀಸಲಾಯಿತು.

ರಾತ್ರಿ ಹಾಸಿಗೆಯಲ್ಲಿ ಮಗಳು ಮತ್ತೆ ಕೇಳಿದಳು: "ಆ ಸೋಗಿನ ಅಜ್ಜ ಈಗ ಎಲ್ಲಿದ್ದಾರೆ?"

ಚಿತ್ರದಲ್ಲಿ ಸೆಮೆನ್ನರ ಮುದಿ ಗೆಳೆಯ ಗೋರಿಗೆ ಕಿವಿಯಿಟ್ಟು ಕೇಳುವುದೂ ಇದನ್ನೇ. ಅವನಿಗೆ ಉತ್ತರ ಸಿಗಲಿಲ್ಲ, ನಮಗೂ ಹೊಳೆಯಲಿಲ್ಲ. "ಅವರ ಹೆಸರು ಮಿಕೊಲ ನದೆಮ್ಸ್ಕಿ" ಎಂದಷ್ಟೇ ಹೇಳಿದೆವು.

ಮಗಳು ಆ ಹೆಸರನ್ನು ತಪ್ಪಿ ತಪ್ಪಿ ಮೂರು ಸಲ ಹೇಳಿ, ಸರಿಯಾದ ಮೇಲೆ ಮಲಗಿದಳು.