ಬೇಲಿ ಮೇಲಿನ ನೆಂಟ

ಮೆಲ್ಬರ್ನ್‌ನಲ್ಲಿರುವ ನನ್ನ ತಂಗಿಯ ಮಗಳ ಮನೆಯಲ್ಲಿ ಮುದ್ದೆ ಎಂಬ ಹೆಸರಿನ ಪ್ರಾಣಿಯೊಂದಿದೆ. ನಾಯಿಯಲ್ಲ, ಬೆಕ್ಕಲ್ಲ. ಗಾಜಿನ ಪೆಟ್ಟಿಗೆಯೊಳಗೆ ಒಂದು ಚಪ್ಪಟೆ ಕಲ್ಲು, ಒಂದು ಒಣ ಕೊರಡು, ನೆತ್ತಿಯ ಮೇಲೆ ಎರಡು ದೀಪ, ಇಷ್ಟು ಅದರ ಸಂಸಾರ. ಭಾನುವಾರ ಮತ್ತೋಡಿನ ನಮ್ಮ ಜಗಲಿಗೆ ವಿಡಿಯೊ ಕಾಲ್ ಬಂತೆಂದರೆ ಫೋನಿನ ತುಂಬ ಮೊದಲು ಕಾಣುವುದು ಅದರ ಮುಖವೇ. ಗಲ್ಲದ ಕೆಳಗೆ ಮುಳ್ಳು ಮುಳ್ಳು, ತುಟಿಯಲ್ಲಿ ಏನೋ ಗೊತ್ತಿದ್ದೂ ಹೇಳದವರ ನಗು. ಅದರ ಹಿಂದಿನಿಂದ ಒಂಬತ್ತು ವರ್ಷದ ಮೊಮ್ಮಗಳ ದನಿ: "ತಾತ, ಮುದ್ದೆಗೆ ಹಾಯ್ ಹೇಳಿ."

ಮೊದಲ ಸಲ ನೋಡಿದಾಗ ನನ್ನ ಹೆಂಡತಿ ಕೈಲಿದ್ದ ಅವರೆಕಾಯಿ ಮೊರವನ್ನು ಕೆಳಗಿಟ್ಟು, "ಅಯ್ಯೋ, ಓತಿಕ್ಯಾತನ್ನ ಎದೆಗೆ ಅವಚ್ಕೊಂಡೈತಲ್ಲ ಕೂಸು!" ಎಂದಳು. "ಅತ್ತೆ, ಅದು ಓತಿಕ್ಯಾತ ಅಲ್ಲ, ಬಿಯರ್ಡೆಡ್ ಡ್ರ್ಯಾಗನ್" ಎಂದು ತಂಗಿಯ ಮಗಳು ತಿದ್ದಿದಳು. ಇವಳು ಒಪ್ಪಲಿಲ್ಲ. ಆಮೇಲೆ ನಾನು ಓದಿ ನೋಡಿದರೆ ಗೆದ್ದವಳು ಇವಳೇ. ಆ ಗಡ್ಡದ ಓತಿ, ನಮ್ಮ ಬೇಲಿಯ ಓತಿಕ್ಯಾತ, ಚಿತ್ರದುರ್ಗದ ಕೋಟೆ ಬಂಡೆಗಳ ಮೇಲೆ ಬಿಸಿಲು ಕಾಯಿಸುವ ಕಲ್ಲೋತಿ, ತೇಜಸ್ವಿಯವರ 'ಕರ್ವಾಲೊ' ಕಾದಂಬರಿಯಲ್ಲಿ ಎಲ್ಲರನ್ನೂ ಕಾಡು ಅಲೆಸಿದ ಹಾರುವ ಓತಿ, ಎಲ್ಲವೂ ಅಗಾಮಿಡೆ ಎಂಬ ಒಂದೇ ಕುಟುಂಬದವು. ಶಾಸ್ತ್ರಜ್ಞರು ಹಲ್ಲು ಎಣಿಸಿ, ಜೀನು ಬಿಡಿಸಿ ಕಂಡುಕೊಂಡದ್ದನ್ನು ಇವಳು ಅವರೆಕಾಯಿ ಸುಲಿಯುತ್ತಾ ಹೇಳಿದಳು.

ಮುದ್ದೆ ಎಂಬ ಹೆಸರಿಟ್ಟದ್ದು ಹುಡುಗಿಯ ಅಪ್ಪ. ಅವನೂ ನಮ್ಮ ಹೊಸದುರ್ಗದ ಕಡೆಯವನೇ. ಬೆಳಗಿನ ಜಾವ ಮೈ ಕುಗ್ಗಿಸಿಕೊಂಡು ಕಪ್ಪಗೆ ಗುಂಡಗೆ ಕೂತಿರುತ್ತದೆ, ರಾಗಿಮುದ್ದೆಯ ಹಾಗೆ. ದೀಪ ಹೊತ್ತಿದ ಮೇಲೆ ಕಲ್ಲಿನ ಮೇಲೆ ಪಕ್ಕೆಗಳನ್ನು ಹರಡಿ ಚಪ್ಪಟೆಯಾಗಿ ರೊಟ್ಟಿಯಾಗುತ್ತದೆ. ಕಪ್ಪು ಮೈ ಬೇಗ ಕಾಯುತ್ತದೆ, ಹರಡಿದ ಮೈಗೆ ಶಾಖ ಹೆಚ್ಚು ತಾಗುತ್ತದೆ. ಕಾದ ಮೇಲೆ ಬಣ್ಣ ತಿಳಿಯಾಗುತ್ತದೆ. ಅದು ಕೂರುವ ಕಲ್ಲು 40 ಡಿಗ್ರಿಯ ಆಸುಪಾಸು ಬಿಸಿಯಿರಬೇಕಂತೆ. ಇನ್ನೂ ಕಾದರೆ ಬಾಯಿ ತೆರೆದು ಕೂರುತ್ತದೆ. "ನಗ್ತಿದೆ" ಎನ್ನುತ್ತಾಳೆ ಹುಡುಗಿ. ಪಾಪ, ಅದು ಧಗೆ ಕಳೆದುಕೊಳ್ಳುತ್ತಿರುತ್ತದೆ.

ಈ ತಪ್ಪು ತಿಳಿವಳಿಕೆಯ ಪಟ್ಟಿ ಉದ್ದವಿದೆ, ಅದರಲ್ಲಿ ನನ್ನ ಪಾಲೂ ಇದೆ. ನಾನು ಫೋನಿನಲ್ಲಿ ಕಾಣಿಸಿಕೊಂಡ ಒಂದು ದಿನ ಮುದ್ದೆ ಮುಂಗಾಲೊಂದನ್ನು ಎತ್ತಿ, ಗಾಳಿಯಲ್ಲಿ ನಿಧಾನಕ್ಕೆ ಒಂದು ಸುತ್ತು ತಿರುಗಿಸಿ ಕೆಳಗಿಟ್ಟಿತು. ಥೇಟು ರಥದ ಮೇಲಿನಿಂದ ಕೈ ಬೀಸುವ ಸ್ವಾಮಿಗಳ ಗತ್ತು. ನಾನು ಹಿಗ್ಗಿ ಹೋದೆ. ಮೂರು ಜನಕ್ಕೆ ಹೇಳಿಕೊಂಡು ಬಂದೆ, ಕಡಲಾಚೆಯ ಓತಿಗೂ ನನ್ನ ಗುರುತು ಸಿಕ್ಕಿದೆ ಅಂತ. ಆದರೆ ಆ ಕೈಬೀಸಿನ ಅರ್ಥವೇ ಬೇರೆ. ಹೆಚ್ಚಾಗಿ ಮರಿಗಳು, ಹೆಣ್ಣುಗಳು ತಮಗಿಂತ ದೊಡ್ಡದನ್ನು ಕಂಡಾಗ ಹಾಗೆ ಮಾಡುತ್ತವೆ: ನೀನು ಬಂದದ್ದು ಕಂಡಿತು, ನಾನು ಚಿಕ್ಕವನು, ನನಗೆ ಜಗಳ ಬೇಡ. ಅಂದರೆ ನನ್ನ ಮುಖ ಕಂಡು ಅದು ಶರಣಾಗಿತ್ತು! ನಿವೃತ್ತಿಯಾದ ಮೇಷ್ಟ್ರ ಮುಖಕ್ಕೆ ಇನ್ನೂ ಆ ಗುಣ ಉಳಿದಿದೆ ಎಂದು ಹೆಂಡತಿ ಸಂಜೆಯವರೆಗೂ ನಕ್ಕಳು.

ತಲೆಯಾಡಿಸುವುದೂ ಹೀಗೇ. ನಮಗೆ ತಲೆಯಾಡಿಸುವುದೆಂದರೆ ಹೂಂ ಎಂದಂತೆ. ಬಸ್ಸಿನ ಕಂಡಕ್ಟರು, ಮದುವೆಗೆ ಕರೆಯಲು ಬಂದವರು, ಸಾಲ ಕೇಳಲು ಬಂದವನು, ಎಲ್ಲರಿಗೂ ನಾವು ತಲೆಯಾಡಿಸಿಯೇ ಬಾಳಿದವರು. ಓತಿಯ ಲೋಕದಲ್ಲಿ ಗಂಡೊಂದು ಬಿರುಬಿರನೆ ತಲೆ ಮೇಲೆ ಕೆಳಗೆ ಮಾಡಿತೆಂದರೆ, ಈ ಜಾಗ ನನ್ನದು, ನೀನ್ಯಾರಲೇ ಎಂದರ್ಥ. ಗಡ್ಡದ ಓತಿ ಅದಕ್ಕೆ ಜೊತೆಯಾಗಿ ಗಂಟಲುಬ್ಬಿಸಿ ಗಡ್ಡವನ್ನು ಇದ್ದಿಲಿನ ಹಾಗೆ ಕಪ್ಪಾಗಿಸುತ್ತದೆ. ನಮ್ಮ ಓತಿಕ್ಯಾತ ಮುಂಗಾಲೂರಿ ದಂಡ ಹೊಡೆಯುತ್ತದೆ, ಗರಡಿಮನೆಯ ಪೈಲ್ವಾನನ ಹಾಗೆ. ಬೆದೆಯ ಕಾಲದಲ್ಲಿ ಗಂಡಿನ ತಲೆ, ಭುಜ ಕುಂಕುಮ ಎರಚಿದಂತೆ ಕೆಂಪಾಗಿ ಗಂಟಲಲ್ಲಿ ಕಪ್ಪು ಪಟ್ಟೆ ಮೂಡುತ್ತದೆ. ಎರಡು ಗಂಡು ಕಾದಾಡಿ ಒಂದು ಸೋತಿತೋ, ಸೋತದ್ದರ ಕೆಂಪು ನೋಡುನೋಡುತ್ತಲೇ ಇಳಿದು ಮಣ್ಣಿನ ಬಣ್ಣಕ್ಕೆ ಬರುತ್ತದೆ. ಚುನಾವಣೆಯ ಎಣಿಕೆ ಕೇಂದ್ರದಿಂದ ಹೊರಬರುವ ಮುಖಗಳನ್ನು ಬಿಟ್ಟರೆ ಇಷ್ಟು ಬೇಗ ಬಣ್ಣ ಇಳಿಯುವುದನ್ನು ನಾನು ಬೇರೆಲ್ಲೂ ಕಂಡಿಲ್ಲ.

ಆ ಕೆಂಪನ್ನು ನಾವು ಹುಡುಗರಾಗಿದ್ದಾಗ ರಕ್ತ ಎಂದೇ ನಂಬಿದ್ದೆವು. ದೂರದಿಂದಲೇ ದಿಟ್ಟಿಸಿ ನಮ್ಮ ರಕ್ತ ಹೀರುತ್ತದೆ, ಅದಕ್ಕೇ ಕೆಂಪಾಗುತ್ತದೆ. ಶಾಲೆಯ ದಾರಿಯಲ್ಲಿ ಕಳ್ಳಿಬೇಲಿಯ ಮೇಲೆ ಅದು ಕಂಡರೆ ಹೊಕ್ಕುಳಿಗೆ ಕೈ ಅಡ್ಡ ಹಿಡಿದು ಓಡುತ್ತಿದ್ದೆವು. ಸ್ವಲ್ಪ ದೊಡ್ಡವರಾದ ಮೇಲೆ ಓಡುವುದನ್ನು ಬಿಟ್ಟು ಕಲ್ಲೆತ್ತಿಕೊಂಡೆವು. ತೆಂಗಿನ ಗರಿಯ ಕಡ್ಡಿಯ ತುದಿಗೆ ಕುಣಿಕೆ ಮಾಡಿ ಅದರ ಕತ್ತಿಗೆ ಹಾಕುವುದರಲ್ಲಿ ನಾನು ನಿಪುಣನೆನಿಸಿಕೊಂಡಿದ್ದೆ. ಕುಣಿಕೆ ಕಣ್ಣೆದುರಿಗೇ ಬಂದರೂ ಅದು ಓಡುತ್ತಿರಲಿಲ್ಲ, ಸುಮ್ಮನೆ ನೋಡುತ್ತಿತ್ತು. ಅದರ ಕಣ್ಣು ಒಂದೊಂದೂ ಬೇರೆ ಬೇರೆಯಾಗಿ ತಿರುಗುತ್ತಿದ್ದದ್ದು ಈಗಲೂ ಕಣ್ಣ ಮುಂದಿದೆ. ಆಮೇಲೆ ಏನು ಮಾಡುತ್ತಿದ್ದೆವು ಎಂಬುದನ್ನು ಮೊಮ್ಮಗಳಿಗೆ ನಾನು ಹೇಳಿಲ್ಲ. ಇಲ್ಲೂ ಹೇಳುವುದಿಲ್ಲ.

ನಮ್ಮೂರಿಗೂ ಗಾಜಿಗೂ ಹಳೆಯ ನಂಟು. ಫ್ರಾನ್ಸಿಸ್ ಬುಕನನ್ ಎಂಬ ಕಂಪನಿ ಸರ್ಕಾರದ ಡಾಕ್ಟರು 1800-01ರಲ್ಲಿ ಮೈಸೂರು ಸೀಮೆ ಸುತ್ತಿದಾಗ ಮತ್ತೋಡಿಗೂ ಬಂದಿದ್ದ. ಇಲ್ಲಿನ ಕುಲುಮೆಗಳಲ್ಲಿ ಬೆಣಚುಕಲ್ಲಿನ ಪುಡಿ, ಸೌಳು ಸೇರಿಸಿ ಬಳೆಗೆ ಗಾಜು ಕಾಯಿಸುವುದನ್ನು ನೋಡಿ ಬರೆದುಕೊಂಡು ಹೋದ. ಹೆಂಗಸರ ಕೈಗೆ ಬಣ್ಣ ಕಟ್ಟಿಕೊಟ್ಟ ಊರು ಇದು. ಕುಲುಮೆಗಳು ಆರಿ ಎಷ್ಟೋ ಕಾಲವಾಯಿತು. ಈಗ ಈ ಊರಿನವನಾದ ನಾನು ಅಂಗೈಯಗಲದ ಗಾಜಿನೊಳಗೆ ನೋಡುತ್ತೇನೆ, ಆ ಗಾಜಿನಾಚೆ ಇನ್ನೊಂದು ಗಾಜು, ಅದರೊಳಗೆ ಓತಿ. ಕಣ್ಣೆದುರಿನ ಬೇಲಿಯ ಮೇಲೆ ಅರವತ್ತು ವರ್ಷ ಕೂತಿದ್ದುದರ ಗುಣ ತಿಳಿಯಲು ನನಗೆ ಎರಡು ಗಾಜು ಬೇಕಾದವು.

ಆ ಹುಡುಗಿ ಕಲಿಸಿದ್ದು ಬಹಳ. ಮುದ್ದೆಯನ್ನು ಎತ್ತಿಕೊಳ್ಳುವಾಗ ಕೈ ಮೇಲಿನಿಂದ ತರಬಾರದು, ಪಕ್ಕದಿಂದ ತಂದು ಹೊಟ್ಟೆಯ ಕೆಳಗೆ ತೂರಿಸಬೇಕು. ಯಾಕೆಂದರೆ ನೆತ್ತಿಯ ನಡುವೆ ಅದಕ್ಕೆ ಮೂರನೆಯದೊಂದು ಕಣ್ಣಿದೆ, ಸಾಸಿವೆ ಗಾತ್ರದ ಮಸುಕು ಚುಕ್ಕೆ. ಶಿವನ ಕಣ್ಣಿನ ಹಾಗೆ ಸುಡುವುದಿಲ್ಲ, ಬಿಂಬವೂ ಮೂಡುವುದಿಲ್ಲ. ಬೆಳಕು, ನೆರಳು ಇಷ್ಟೇ ಅದಕ್ಕೆ ಗೊತ್ತು. ಮೇಲಿನಿಂದ ಬಂದ ನೆರಳೆಲ್ಲ ಅದರ ಪಾಲಿಗೆ ಹದ್ದು.

ಹೋದ ಜುಲೈಯಲ್ಲಿ ಒಂದು ಬೆಳಿಗ್ಗೆ ಫೋನು ಬಂತು, ಹುಡುಗಿ ಬಿಕ್ಕಿ ಬಿಕ್ಕಿ ಅಳುತ್ತಿದ್ದಳು. ಮುದ್ದೆ ನಾಲ್ಕು ದಿನದಿಂದ ಏನೂ ತಿಂದಿಲ್ಲ, ಕೊರಡಿನ ಹಿಂದೆ ಸೇರಿಕೊಂಡು ಕಣ್ಣೇ ಬಿಡುತ್ತಿಲ್ಲ, ಮುಟ್ಟಿದರೆ ತಣ್ಣಗಿದೆ. ಹೆಂಡತಿ ಫೋನನ್ನು ಹತ್ತಿರ ಹಿಡಿದು ಬಹಳ ಹೊತ್ತು ನೋಡಿದಳು. "ಪಕ್ಕೆ ನೋಡೇ ಕೂಸೇ. ಏಳ್ತೈತೆ, ಇಳೀತೈತೆ. ನಿದ್ದೆ ಮಾಡ್ತೈತೆ, ಬಿಡು" ಎಂದಳು. ಅಲ್ಲಿ ಆಗ ಚಳಿಗಾಲ. ಪ್ರಾಣಿವೈದ್ಯರೂ ಅದನ್ನೇ ಹೇಳಿದರಂತೆ: ಬಯಲಲ್ಲಿದ್ದಿದ್ದರೆ ಈಗ ಬಿಲ ಸೇರಿ ಮಲಗುವ ಕಾಲ, ಪೆಟ್ಟಿಗೆಯಲ್ಲಿದ್ದರೂ ಮೈಗೆ ಅದರ ಲೆಕ್ಕ ತಪ್ಪಿಲ್ಲ. ಮುದ್ದೆ ವಾರಗಟ್ಟಲೆ ಮಲಗಿ, ಒಂದು ದಿನ ಏನೂ ಆಗಿಲ್ಲವೆಂಬಂತೆ ಎದ್ದು ಬಂದು ಜಿರಳೆ ಕೇಳಿತು.

ಚಳಿಗಾಲದ್ದಿರಲಿ, ಇವುಗಳ ದಿನನಿತ್ಯದ ರಾತ್ರಿ ನಿದ್ದೆಯ ವಿಷಯವೂ ದೊಡ್ಡದಿದೆ. 2016ರಲ್ಲಿ ಜರ್ಮನಿಯ ಫ್ರಾಂಕ್‌ಫರ್ಟ್‌ನಲ್ಲಿ ಝಿಲ್ ಲೊರಾಂ ಎಂಬ ವಿಜ್ಞಾನಿಯ ತಂಡ ಇದೇ ಗಡ್ಡದ ಓತಿಗಳ ಮಿದುಳಿನ ಅಲೆಗಳನ್ನು ರಾತ್ರಿಯಿಡೀ ಅಳೆಯಿತು. ಗಾಢ ನಿದ್ದೆ, ಆಮೇಲೆ ಮುಚ್ಚಿದ ರೆಪ್ಪೆಯೊಳಗೆ ಕಣ್ಣು ಓಡುವ ನಿದ್ದೆ, ಹೀಗೆ ಸುಮಾರು 80 ಸೆಕೆಂಡಿಗೊಂದು ಸುತ್ತಿನಂತೆ ಒಂದು ರಾತ್ರಿಗೆ ಸುಮಾರು 350 ಸುತ್ತು. ನಮಗೆ ಒಂದು ಸುತ್ತಿಗೆ ಒಂದೂವರೆ ಗಂಟೆ ಬೇಕು. ಕಣ್ಣು ಓಡುವ ನಿದ್ದೆ ನಮ್ಮಲ್ಲಿ ಕನಸು ಬೀಳುವ ಹೊತ್ತು. ಅದಕ್ಕೂ ಮೊದಲು ಇಂಥ ನಿದ್ದೆ ಹಾಲೂಡುವ ಪ್ರಾಣಿಗಳಿಗೆ, ಹಕ್ಕಿಗಳಿಗೆ ಮಾತ್ರ ಉಂಟು ಎನ್ನುತ್ತಿದ್ದರು. ಓತಿಗೆ ಕನಸು ಬೀಳುತ್ತದೆಂದು ಅವರೇನೂ ಹೇಳಿಲ್ಲ. ಹುಡುಗಿ ಮಾತ್ರ ಹೇಳಿಯೇಬಿಟ್ಟಿದ್ದಾಳೆ, ಮುದ್ದೆಗೆ ಬೀಳುವುದೆಲ್ಲ ಮಿಡತೆಯ ಕನಸಂತೆ.

ಬುದ್ಧಿಯಲ್ಲೂ ಇವು ನಾವು ಎಣಿಸಿದಷ್ಟು ದಡ್ಡವಲ್ಲ. ಇಂಗ್ಲೆಂಡಿನ ಲಿಂಕನ್ ವಿಶ್ವವಿದ್ಯಾಲಯದಲ್ಲಿ ಒಂದು ಗಡ್ಡದ ಓತಿ ತಲೆಯಿಂದ ತಂತಿ ಬಾಗಿಲು ಸರಿಸಿ ತಿಂಡಿ ತಿನ್ನುವುದನ್ನು ಉಳಿದವಕ್ಕೆ ತೋರಿಸಿದರು. ನೋಡಿದವು ಅದೇ ವರಸೆಯಲ್ಲಿ ಬಾಗಿಲು ಸರಿಸಿದವು, ತೋರಿಸಿಕೊಟ್ಟದ್ದು ಸರಿಸಿದ ದಿಕ್ಕಿಗೇ. ಅಷ್ಟು ದೂರ ಹೋಗಬೇಕಿಲ್ಲ, ನಮ್ಮ ಕಲ್ಲೋತಿಯೂ ಕಡಿಮೆಯದಲ್ಲ. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ಮರಿಯಾ ಠಾಕರ್ ಮತ್ತು ಅನುರಾಧಾ ಬಟಬ್ಯಾಲ್ ಅದರ ಹಿಂದೆ ವರ್ಷಗಟ್ಟಲೆ ಬಂಡೆ ಬಂಡೆ ಅಲೆದಿದ್ದಾರೆ. ಗಂಡಿನ ಬೆನ್ನು ಹೆಣ್ಣಿನೆದುರು ಕಡುಕೆಂಪು, ಪಕ್ಕೆ ಕಡುಗಪ್ಪು. ಇನ್ನೊಂದು ಗಂಡಿನೆದುರು ಅದೇ ಬೆನ್ನು ಹಳದಿ, ಪಕ್ಕೆ ಕಿತ್ತಳೆ. ಒಲವಿಗೊಂದು ಅಂಗಿ, ಜಗಳಕ್ಕೊಂದು ಅಂಗಿ. ಎರಡು ಅಡಗುತಾಣಗಳಲ್ಲಿ ಅಪಾಯವಿಲ್ಲದ್ದು ಯಾವುದೆಂದು ಬೇಗ ಕಲಿತದ್ದು ಹಳ್ಳಿಯ ಕಲ್ಲೋತಿಯಲ್ಲ, ಪೇಟೆಯಂಚಿನದು ಎಂದೂ ಅವರು 2019ರಲ್ಲಿ ಬರೆದರು. ನಗರ ಸೇರಿದ ನಮ್ಮ ಹುಡುಗರನ್ನು ನೋಡಿದವರಿಗೆ ಇದರಲ್ಲಿ ಆಶ್ಚರ್ಯವೇನಿಲ್ಲ.

"ಮುದ್ದೆಗೆ ನನ್ನ ಕಂಡ್ರೆ ಪ್ರೀತಿ ಅಲ್ವಾ ತಾತ?" ಎಂದು ಹುಡುಗಿ ಒಮ್ಮೆ ಕೇಳಿದಳು. ಅವಳ ಹೆಗಲೇರಿ ಕತ್ತಿಗೆ ಗಲ್ಲ ಆನಿಸಿ ಅದು ಕಣ್ಣು ಮುಚ್ಚಿತ್ತು. ಕತ್ತಿನ ಬಳಿ ಮೈ ಬೆಚ್ಚಗಿರುತ್ತದೆ, ಅದಕ್ಕೆ ಬೇಕಾದದ್ದು ಶಾಖ ಎಂದು ಹೇಳಲು ಬಾಯಿಗೆ ಬಂತು. ಆದರೆ ಅವಳ ಅಪ್ಪನ ಹೆಗಲಿಗೆ ಬಿಟ್ಟರೆ ಅದು ಕೂರುವುದಿಲ್ಲವಂತೆ, ಇಳಿದು ಇವಳನ್ನೇ ಹುಡುಕಿ ಬರುತ್ತದಂತೆ. ಅವಳ ಗೆಳತಿಯ ಮನೆಯದು ಯಾರು ಮುಟ್ಟಿದರೂ ಗಡ್ಡ ಕಪ್ಪು ಮಾಡಿ ಬುಸುಗುಟ್ಟುತ್ತದೆ. ಇದು ಹೊಸಬರು ಬಂದರೂ ಕಣ್ಣರಳಿಸಿ ಮುಂದೆ ಬರುತ್ತದೆ. ಎರಡೂ ಒಂದೇ ಅಂಗಡಿಯಿಂದ ಬಂದವು, ಒಂದೇ ಸೊಪ್ಪು, ಒಂದೇ ದೀಪ. ಒಂದೇ ಮನೆಯಲ್ಲಿ ಒಂದೇ ಮುದ್ದೆ ಉಂಡು ಬೆಳೆದ ನಾನೂ ನನ್ನ ತಮ್ಮನೂ ಹೇಗಿದ್ದೇವೆಂದು ನೆನೆದು, "ಇರಬಹುದು ಕಣವ್ವ" ಎಂದೆ.

ಈ ಸಲ ಮುಂಗಾರು ಎರಡು ಹದ ಬಿದ್ದ ಮೇಲೆ, ತೆಂಗಿನ ಪಾತಿಯಲ್ಲಿ ಓತಿಕ್ಯಾತವೊಂದು ಮಣ್ಣು ಕೆದರುತ್ತಿತ್ತು. ಹೆಣ್ಣು, ಹೊಟ್ಟೆ ಉಬ್ಬಿತ್ತು. ಮುಂಗಾಲಲ್ಲಿ ಕೆದರಿ, ಹಿಂಗಾಲಲ್ಲಿ ಮಣ್ಣು ಹಿಂದೆ ತಳ್ಳಿ, ನಡುನಡುವೆ ನಿಂತು ಸುಸ್ತು ಕಳೆದುಕೊಳ್ಳುತ್ತಿತ್ತು. ನಾನು ಮೆಲ್ಲಗೆ ಫೋನು ಹಚ್ಚಿ ಮೆಲ್ಬರ್ನ್‌ಗೆ ತೋರಿಸಿದೆ. ಬಿಳಿ ಮೊಟ್ಟೆ ಒಂದೊಂದಾಗಿ ಗುಳಿಗಿಳಿದವು. ಹುಡುಗಿ ಎಣಿಸುತ್ತಾ ಹನ್ನೊಂದಕ್ಕೆ ತಪ್ಪಿದಳು. ಆಮೇಲೆ ಅದು ಮಣ್ಣೆಳೆದು ಮುಚ್ಚಿ, ಮೂತಿಯಿಂದಲೇ ಒತ್ತಿ ಒತ್ತಿ ನೆಲ ಗಟ್ಟಿ ಮಾಡಿತು, ಒಲೆ ಸಾರಿಸಿ ಮುಗಿಸುವವರ ಹಾಗೆ. ಮೂಗಿನ ಮೇಲೆ ಕೆಮ್ಮಣ್ಣು ಮೆತ್ತಿಕೊಂಡೇ ಬೇಲಿಯೊಳಗೆ ಹೋಯಿತು. ತಿರುಗಿ ನೋಡಲಿಲ್ಲ. ಮರಿಗಳು ಆರೇಳು ವಾರಕ್ಕೆ ತಾವೇ ಎದ್ದು ಬರಬೇಕು.

"ತಾತ, ಆ ಜಾಗ ಯಾರೂ ಅಗೀದೆ ಇರೋ ಹಾಗೆ ನೋಡ್ಕೋತೀರಾ?"

ನಾನು ಹೂಂ ಎಂದು ತಲೆಯಾಡಿಸಿದೆ.

"ನೀರು ಜಾಸ್ತಿ ಹಾಕ್ಬಾರ್ದು."

ತಲೆಯಾಡಿಸಿದೆ.

"ಕೋಳಿ ಬಿಡ್ಬಾರ್ದು."

ಜೋರಾಗಿಯೇ ತಲೆಯಾಡಿಸಿದೆ. ಅಷ್ಟರಲ್ಲಿ ಎದುರಿನ ಬೇಲಿಗೂಟದ ಮೇಲೆ ಏನೋ ಕೆಂಪಗೆ ಎದ್ದು ನಿಂತಿತು. ದೊಡ್ಡ ಗಂಡು. ಮುಂಗಾಲೂರಿ ಎದೆ ಎತ್ತಿ ನನ್ನನ್ನೇ ನೋಡುತ್ತಾ ಒಂದು ದಂಡ ಹೊಡೆಯಿತು, ಎರಡು, ಮೂರು. ಗಂಟಲು ಕಪ್ಪಾಯಿತು.

ಫೋನಿನೊಳಗೆ ಹುಡುಗಿ ಬಿದ್ದು ಬಿದ್ದು ನಗುತ್ತಿದ್ದಳು. "ತಾತ, ತಲೆ ಆಡಿಸ್ಬೇಡಿ! ನೀವು ಅದಕ್ಕೆ ಬೈತಾ ಇದೀರ!"

ಏನು ಮಾಡಬೇಕೆಂದು ತೋಚದೆ, ಬಲಗೈ ಎತ್ತಿ, ಗಾಳಿಯಲ್ಲಿ ನಿಧಾನಕ್ಕೆ ಒಂದು ಸುತ್ತು ತಿರುಗಿಸಿ ಕೆಳಗಿಳಿಸಿದೆ.