ಪೇಟಿ ಮಾಸ್ತರರ ಕಣ್ಣು

ಮೂಕಿಚಿತ್ರಕ್ಕೆ ಸಂಗೀತ ಎಲ್ಲಿಂದ ಬಂತು ಎಂದು ನಮ್ಮ ಬಸವಾಪಟ್ಟಣದ ಇಂದಿನ ಹುಡುಗರು ಕೇಳಿದರೆ ಅದು ಸರಿಯಾದ ಪ್ರಶ್ನೆಯೇ. ಮೊಬೈಲಿನಲ್ಲಿ ಅವರು ನೋಡುವ ಹಳೆಯ ಚಿತ್ರಕ್ಕೆ ಯಾರೋ ಈಚೆಗೆ ಅಂಟಿಸಿದ ಕೀಬೋರ್ಡಿನ ಸದ್ದಿರುತ್ತದೆ, ಅದನ್ನೇ ಆ ಕಾಲದ್ದೆಂದು ನಂಬುತ್ತಾರೆ. ಆ ಸಂಗೀತ ರೀಲಿನಲ್ಲಿ ಇರಲೇ ಇಲ್ಲ, ಪರದೆಯ ಪಕ್ಕ ಕೂತವರ ಬೆರಳಲ್ಲಿತ್ತು. ಪಶ್ಚಿಮದಲ್ಲಿ ಯಾವ ದೃಶ್ಯಕ್ಕೆ ಯಾವ ಧಾಟಿ ಎಂದು ಅಚ್ಚು ಹಾಕಿಸಿದ ಹಾಳೆಗಳಿದ್ದವು, ಅವನ್ನು ಹುಡುಕಿ ಮತ್ತೆ ನುಡಿಸಬಹುದು. ನಮ್ಮಲ್ಲಿ ಹಾರ್ಮೋನಿಯಂ, ತಬಲಾ, ಪಿಟೀಲು ಹಿಡಿದವರು ಚಿತ್ರ ನೋಡುತ್ತ ನೋಡುತ್ತಲೇ ನುಡಿಸಿದರು. ಆದ್ದರಿಂದ ನಾವು ಹುಡುಕಬೇಕಾದದ್ದು ಕಾಗದವನ್ನಲ್ಲ, ಆ ಕೈಕಸುಬನ್ನು. ಅದು ಉಳಿದಿದ್ದರೆ ಕಂಪನಿ ನಾಟಕದಲ್ಲಿ ಹಾರ್ಮೋನಿಯಂ ನುಡಿಸುವ ಪೇಟಿ ಮಾಸ್ತರರಲ್ಲಿ ಉಳಿದಿದೆ.

ಕನ್ನಡದಲ್ಲಿ ರಂಗಕ್ಕೂ ಪರದೆಗೂ ನಡುವೆ ಗೋಡೆಯೇ ಇರಲಿಲ್ಲ. ಗುಬ್ಬಿ ವೀರಣ್ಣನವರು ಮೂಕಿಚಿತ್ರ ಮಾಡಿದರು, ನಾಟಕಕಾರ ಕೈಲಾಸಂ ಮೂಕಿಚಿತ್ರದಲ್ಲಿ ನಟಿಸಿದರು. 1934ರ ಮಾರ್ಚ್ 3ರಂದು ತೆರೆಕಂಡು ಕನ್ನಡ ಪರದೆಗೆ ಮಾತು ಕೊಟ್ಟ ‘ಸತಿ ಸುಲೋಚನ’ದ ಸುಬ್ಬಯ್ಯ ನಾಯ್ಡು, ನಾಗೇಂದ್ರರಾಯರು ಇಬ್ಬರೂ ರಂಗದಿಂದ ಬಂದವರು. ನಮ್ಮ ಸೀಮೆಯಲ್ಲಿ ದಾವಣಗೆರೆಯ ಚಿಂದೋಡಿ ಮನೆತನದ ಕೆ.ಬಿ.ಆರ್. ಡ್ರಾಮಾ ಕಂಪನಿಯ ಕ್ಯಾಂಪು ಕಂಡ ತಲೆಮಾರಿಗೆ ಪೇಟಿ ಮಾಸ್ತರರೆಂದರೆ ಯಾರೆಂದು ವಿವರಿಸಬೇಕಾಗಿಲ್ಲ. ಲೆಗ್ ಹಾರ್ಮೋನಿಯಮ್ಮಿನ ತಿದಿಯನ್ನು ಕಾಲು ತುಳಿಯುತ್ತದೆ, ಎರಡು ಕೈಗಳೂ ಮನೆಗಳ ಮೇಲೆ, ಕಣ್ಣು ಮಾತ್ರ ನಟನ ಬಾಯಿಯ ಮೇಲೆ. ನಟ ಮಾತು ಮುಗಿಸಿ ಉಸಿರೆಳೆದುಕೊಳ್ಳುವಷ್ಟರಲ್ಲಿ ಸ್ವರ ಬಿದ್ದಿರಬೇಕು. ಸೀಮೆಎಣ್ಣೆ ವಾಸನೆಯ ಗ್ಯಾಸ್‌ಲೈಟಿನ ಬೆಳಕಿನಲ್ಲಿ ರಾತ್ರಿಯಿಡೀ ಆ ಕಣ್ಣು ತಪ್ಪುತ್ತಿರಲಿಲ್ಲ.

ನಟ ಕಾಯುತ್ತಾನೆ, ಪರದೆ ಕಾಯುವುದಿಲ್ಲ, ಎರಡೂ ಒಂದೇ ಹೇಗಾದೀತು ಎನ್ನುವವರಿದ್ದಾರೆ. ಮಾತು ನಿಜ. ಆದರೆ ಪ್ರೊಜೆಕ್ಟರನ್ನು ಕೈಯಿಂದ ತಿರುಗಿಸುತ್ತಿದ್ದಾಗ ಚಿತ್ರದ ಓಟವೂ ಒಂದೇ ಸಮನಾಗಿರಲಿಲ್ಲ. ರೀಲು ಬದಲಿಸಲು ಆಟ ನಿಂತರೆ ಜನರನ್ನು ಹಿಡಿದಿಡುವ ಹೊಣೆಯೂ ವಾದಕರದೇ. ಅಲ್ಲಿ ಬೇಕಾಗಿದ್ದದ್ದು ಇದೇ ಕಣ್ಣು. ರಂಗಗೀತೆಯ ಮಟ್ಟು ಚಿತ್ರವನ್ನೇ ನುಂಗುತ್ತದೆ ಎಂಬ ಇನ್ನೊಂದು ಆಕ್ಷೇಪಣೆಯಲ್ಲಿ ಹೆಚ್ಚು ತೂಕವಿದೆ. ಯುದ್ಧಕ್ಕೂ ಪ್ರಣಯಕ್ಕೂ ಒಂದೇ ಮಟ್ಟು ತಿರುವಿದವರು ಇದ್ದೇ ಇದ್ದರು, ಎಲ್ಲರೂ ಗಂಧರ್ವರಾಗಿರಲಿಲ್ಲ. ಆದರೆ ಒಂದು ಕಸುಬನ್ನು ಅದರ ಒಳ್ಳೆಯ ಕೈಯಿಂದ ಅಳೆಯಬೇಕು. ಒಳ್ಳೆಯ ಮಾಸ್ತರರಿಗೆ ಎಲ್ಲಿ ಕೈ ಎತ್ತಬೇಕೆಂಬುದು ಗೊತ್ತಿತ್ತು.

ಆ ಕೈಗೆ ನುಡಿಸಲು ಚಿತ್ರಗಳೂ ಉಳಿದಿರಬೇಕು. ಶಿವರಾಮ ಕಾರಂತರ ಮೂಕಿಚಿತ್ರಗಳಾದ ‘ಡೊಮಿಂಗೊ’, ‘ಭೂತರಾಜ್ಯ’ ನಮಗೆ ಹೆಸರಾಗಿ ಮಾತ್ರ ದಕ್ಕಿವೆ. ಮಲಯಾಳದ ‘ಮಾರ್ತಾಂಡವರ್ಮ’ ಉಳಿದದ್ದು ಕೃತಿಸ್ವಾಮ್ಯದ ವ್ಯಾಜ್ಯದಿಂದ. 1928ರ ‘ಶಿರಾಜ್’ಗೆ 2017ರಲ್ಲಿ ಅನುಷ್ಕಾ ಶಂಕರ್ ಸಂಗೀತ ಕಟ್ಟಿದರು, ಹೊಸದೆಂದೇ ಹೇಳಿ ನುಡಿಸಿದರು. ಆ ಪ್ರಾಮಾಣಿಕತೆ ಮೆಚ್ಚುವಂಥದು. ಆದರೆ ಉಳಿದಿರುವ ಯಾವುದೇ ಮೂಕಿಚಿತ್ರದ ಮುಂದೆ ನಮ್ಮ ಒಬ್ಬ ಪೇಟಿ ಮಾಸ್ತರರನ್ನು ಕೂರಿಸಲು ಎಷ್ಟು ಖರ್ಚಾದೀತು? ಆ ಕೆಲಸಕ್ಕೆ ಹಣವಿಲ್ಲವೆನ್ನುವ ನಾವೇ ಭಜನೆಗೆ ರಿದಂ ಪ್ಯಾಡು ಕೊಂಡಿದ್ದೇವೆ. ಹಳೆಯ ಪೇಟಿ ಅಟ್ಟ ಸೇರಿದೆ, ಅದರ ತಿದಿಗೆ ಹೊಸ ಚರ್ಮ ಅಂಟಿಸುವ ಕೈ ಸಿಗಲು ಈಗ ಊರೂರು ಅಲೆಯಬೇಕು.